ಕೂಡದ ಪೆಲ್ವಿಸ್ ಮೂಳೆಗೆ ಕೋಡ್ ಹಾಕುವುದು: ನನ್ನ ಅನುಭವ

ರೋಗಿಯ ಚಾರ್ಟ್, ಅಂದರೆ ಚಿಕಿತ್ಸೆಯ ದಾಖಲೆ ಓದಿ, ಅದರಲ್ಲಿರುವ ಕಾಯಿಲೆಗೆ ಬಿಲ್ಲಿಗೆ ಬೇಕಾದ ಕೋಡ್ ಬರೆಯುವುದು ನಮ್ಮ ಕೆಲಸ. ಪೆಲ್ವಿಸ್, ಅಂದರೆ ಸೊಂಟದ ಮೂಳೆಗಳ ಚೌಕಟ್ಟು, ಮುರಿದು ಕೂಡಿಕೊಳ್ಳದ ರೋಗಿಯ ಚಾರ್ಟ್ ಬಂದಾಗ ಕೈ ಸುಲಭವಾಗಿ ಓಡುವುದು ಎಸ್32.9ಎಕ್ಸ್‌ಎಕ್ಸ್‌ಕೆ ಕಡೆಗೆ. ಕೆಳಬೆನ್ನು ಅಥವಾ ಪೆಲ್ವಿಸ್, ಯಾವ ಭಾಗ ಎಂದು ತಿಳಿಸಿಲ್ಲ, ಮುರಿದದ್ದು ಕೂಡಿಲ್ಲ: ಇಷ್ಟೇ ಆ ಕೋಡ್ ಹೇಳುವುದು. ಬೆನ್ನೋ ಪೆಲ್ವಿಸ್ಸೋ ಎನ್ನುವುದನ್ನೂ ಅದು ಬಾಯಿ ಬಿಟ್ಟು ಹೇಳುವುದಿಲ್ಲ. ಈ ಕೋಡ್ ತಪ್ಪಲ್ಲ, ಪುಸ್ತಕದಲ್ಲಿ ಇದೆ. ಆದರೆ ನನ್ನ ಕೆಳಗಿನವರು ಇದನ್ನು ಹಾಕಿ ಕಳಿಸಿದಾಗಲೆಲ್ಲ ಚಾರ್ಟ್ ಪೂರ್ತಿ ಓದಿದ್ದಾರಾ ಎಂದು ನೋಡುತ್ತೇನೆ. ಬಹಳ ಸಲ ಓದಿರುವುದಿಲ್ಲ.

ನಾನು ಓದಿದ್ದು ಫಿಸಿಯೋಥೆರಪಿ. ಬೆಂಗಳೂರಿಗೆ ಬಂದ ಮೇಲೆ ಕ್ಲಿನಿಕ್ ಬಿಟ್ಟು, ಮೆಡಿಕಲ್ ಕೋಡರ್‌ಗಳ ಸಿಪಿಸಿ ಪರೀಕ್ಷೆ ಬರೆದು ಕೋಡಿಂಗ್‌ಗೆ ಇಳಿದೆ. ಈಗ ಎಲೆಕ್ಟ್ರಾನಿಕ್ ಸಿಟಿಯಲ್ಲಿ ಕೂತು ಅಮೆರಿಕದ ಆಸ್ಪತ್ರೆಗಳ ಆರ್ಥೋ ಚಾರ್ಟ್‌ಗಳನ್ನು ಆಡಿಟ್ ಮಾಡುತ್ತೇನೆ. ಹಾಗಾಗಿ ಇಲ್ಲಿ ಹೇಳುವುದೆಲ್ಲ ಅವರ ಕಾಯಿಲೆ ಕೋಡ್‌ಗಳ ಪಟ್ಟಿಯಾದ ಐಸಿಡಿ-10-ಸಿಎಂ ನಿಯಮಗಳ ಪ್ರಕಾರ. ಅಲ್ಲಿ ಇದು 2015ರ ಅಕ್ಟೋಬರ್ 1ರಿಂದ ಜಾರಿಯಲ್ಲಿದೆ, ಪ್ರತಿ ಅಕ್ಟೋಬರ್‌ಗೆ ಹೊಸ ಕೋಡ್‌ಗಳು ಸೇರುತ್ತವೆ.

ಮೊದಲು ಜಾಗ. ಕ್ಲಿನಿಕ್ ನೋಟ್‌ನಲ್ಲಿ ಡಾಕ್ಟರು ‘ಪೆಲ್ವಿಕ್ ಫ್ರಾಕ್ಚರ್ ನಾನ್‌ಯೂನಿಯನ್’ (ಪೆಲ್ವಿಸ್ ಮುರಿತ ಕೂಡಿಲ್ಲ) ಎಂದು ಒಂದೇ ಸಾಲು ಬರೆದಿರುತ್ತಾರೆ. ಅಲ್ಲೇ ನಿಂತರೆ ಎಸ್32.9 ಬಿಟ್ಟು ಬೇರೆ ದಾರಿಯಿಲ್ಲ. ನಾನು ಆ ಸಾಲನ್ನು ಬದಿಗಿಟ್ಟು ಆಪರೇಷನ್ ನೋಟ್ ತೆಗೆಯುತ್ತೇನೆ, ಆಮೇಲೆ ಸಿಟಿ ರಿಪೋರ್ಟ್. ಮುರಿತ ಇದೆ ಎಂದು ಚಿಕಿತ್ಸೆ ಕೊಡುವ ಡಾಕ್ಟರೇ ಬರೆದ ಮೇಲೆ, ಅದು ನಿಖರವಾಗಿ ಎಲ್ಲಿ ಎನ್ನುವುದನ್ನು ರೇಡಿಯಾಲಜಿ ರಿಪೋರ್ಟ್‌ನಿಂದ ತೆಗೆದುಕೊಳ್ಳಲು ಅಡ್ಡಿಯಿಲ್ಲ. ಬೆನ್ನೆಲುಬಿನ ಬುಡದ ಸೇಕ್ರಂ ಆದರೆ ಎಸ್32.1, ಅದರ ತುದಿಯ ಕಾಕ್ಸಿಕ್ಸ್ ಎಸ್32.2, ಪಕ್ಕದ ಅಗಲ ಮೂಳೆ ಇಲಿಯಂ ಎಸ್32.3, ತೊಡೆಮೂಳೆ ಕೂರುವ ಬಟ್ಟಲು ಅಂದರೆ ಅಸಿಟಾಬ್ಯುಲಂ ಎಸ್32.4, ಮುಂದಿನ ಮೂಳೆ ಪ್ಯೂಬಿಸ್ ಎಸ್32.5, ಕೂತಾಗ ಊರುವ ಮೂಳೆ ಇಶ್ಚಿಯಂ ಎಸ್32.6. ಇಲಿಯಂ, ಅಸಿಟಾಬ್ಯುಲಂ, ಪ್ಯೂಬಿಸ್, ಇಶ್ಚಿಯಂ ಇವುಗಳಿಗೆ ಎಡ-ಬಲ ಬೇಕೇ ಬೇಕು. ಅಸಿಟಾಬ್ಯುಲಂನಲ್ಲಿ ಮುಂದಿನ ಗೋಡೆಯೋ ಹಿಂದಿನ ಗೋಡೆಯೋ, ಕಾಲಮ್ಮೋ, ಅಡ್ಡ ಮುರಿತವೋ ಎನ್ನುವವರೆಗೂ ಹೋಗಬಹುದು. ಮೂಳೆ ಸರಿದಿದೆಯೋ ಇಲ್ಲವೋ ಎಂದು ಬರೆದಿಲ್ಲದಿದ್ದರೆ ಸರಿದಿದೆ ಎಂದೇ ಕೋಡ್ ಮಾಡಬೇಕು. ಓಪನ್ನೋ (ಮುರಿದ ಕಡೆ ಚರ್ಮವೂ ಸೀಳಿದೆಯೋ) ಕ್ಲೋಸ್ಡೋ ಎಂದು ಬರೆದಿಲ್ಲದಿದ್ದರೆ ಕ್ಲೋಸ್ಡ್.

ನಿಜವಾದ ತಲೆನೋವು ಶುರುವಾಗುವುದು ಎಸ್32.8ರಲ್ಲಿ. ಪೆಲ್ವಿಸ್ ಒಂದು ಉಂಗುರ. ಗಟ್ಟಿ ಕೋಡುಬಳೆಯನ್ನು ಒಂದೇ ಕಡೆ ಮುರಿಯಲು ನೋಡಿ, ಇನ್ನೊಂದು ಕಡೆಯೂ ಬಿರುಕು ಬಿಡುತ್ತದೆ. ಹಾಗೇ ಇಲ್ಲಿ ಮುಂದೆ ಪ್ಯೂಬಿಸ್ ಮುರಿದಿದ್ದರೆ ಹಿಂದೆ ಸೇಕ್ರಂ ಹತ್ತಿರ ಏನಾಗಿದೆ ಎಂದು ಹುಡುಕಲೇಬೇಕು. ಹಲವು ಕಡೆ ಮುರಿದು ಉಂಗುರವೇ ಬಿಟ್ಟುಹೋಗಿದ್ದು, ಅದು ಸ್ಥಿರವಾಗಿದ್ದರೆ ಎಸ್32.810, ಅಸ್ಥಿರವಾಗಿದ್ದರೆ ಎಸ್32.811. ಉಂಗುರ ಬಿಟ್ಟಿಲ್ಲದಿದ್ದರೆ ಎಸ್32.82. ಉಂಗುರದ ಕೋಡ್ ಹಾಕಿದ ಮೇಲೆ ಇಲಿಯಂ, ಪ್ಯೂಬಿಸ್, ಇಶ್ಚಿಯಂ ಕೋಡ್‌ಗಳನ್ನು ಪಕ್ಕದಲ್ಲಿ ಸೇರಿಸುವಂತಿಲ್ಲ, ಈ ಎರಡನ್ನು ಒಟ್ಟಿಗೆ ಹಾಕಬಾರದು ಎನ್ನುವ ಎಕ್ಸ್‌ಕ್ಲೂಡ್ಸ್1 ಟಿಪ್ಪಣಿ ತಡೆಯುತ್ತದೆ. ಆದರೆ ಸೇಕ್ರಂ ಮತ್ತು ಅಸಿಟಾಬ್ಯುಲಂ ಮುರಿದಿದ್ದರೆ ಅವನ್ನು ಸೇರಿಸಲೇಬೇಕು. ಎಂಥ ಅನುಭವಿಗಳೂ ಇದನ್ನು ಉಲ್ಟಾ ಮಾಡುತ್ತಾರೆ: ಸೇರಿಸಬೇಕಾದ್ದನ್ನು ಬಿಟ್ಟು, ಬಿಡಬೇಕಾದ್ದನ್ನು ಸೇರಿಸುತ್ತಾರೆ. ಜೊತೆಗೆ ಬೆನ್ನುಹುರಿ ಅಥವಾ ಅಲ್ಲಿನ ನರಕ್ಕೆ ಪೆಟ್ಟಾಗಿದ್ದರೆ ಎಸ್34 ಮೊದಲು ಬರಬೇಕು.

ಜಾಗ ಗೊತ್ತಾದ ಮೇಲೆ ಕೋಡಿನ ಕೊನೆಯ, ಅಂದರೆ ಏಳನೇ ಅಕ್ಷರ. ಎಸ್32ಕ್ಕೆ ಇರುವುದು ‘ಎ’, ‘ಬಿ’, ‘ಡಿ’, ‘ಜಿ’, ‘ಕೆ’, ‘ಎಸ್’ ಮಾತ್ರ. ‘ಎ’ ಎಂದರೆ ಕ್ಲೋಸ್ಡ್ ಮುರಿತಕ್ಕೆ ಮೂಲ ಚಿಕಿತ್ಸೆ ನಡೆಯುತ್ತಿದೆ, ‘ಬಿ’ ಎಂದರೆ ಓಪನ್ ಮುರಿತಕ್ಕೆ, ‘ಎಸ್’ ಎಂದರೆ ಹಳೆಯ ಗಾಯದಿಂದ ಉಳಿದ ತೊಂದರೆ. ನಂತರದ ಭೇಟಿಗಳಲ್ಲಿ ‘ಡಿ’ ಎಂದರೆ ಸರಿಯಾಗಿ ಕೂಡುತ್ತಿದೆ, ‘ಜಿ’ ಎಂದರೆ ನಿಧಾನವಾಗಿ ಕೂಡುತ್ತಿದೆ, ‘ಕೆ’ ಎಂದರೆ ಕೂಡಿಲ್ಲ. ಕೈಕಾಲಿನ ಮೂಳೆಗಳಿಗಿರುವ ‘ಪಿ’, ಅಂದರೆ ವಕ್ರವಾಗಿ ಕೂಡಿದೆ ಎನ್ನುವ ಅಕ್ಷರ, ಇಲ್ಲಿ ಇಲ್ಲ. ಕಾಲಿನ ಚಾರ್ಟ್ ಮಾಡಿ ಅಭ್ಯಾಸವಾದವರು ಎಸ್32ಕ್ಕೂ ‘ಪಿ’ ಹಾಕಿ, ಎನ್‌ಕೋಡರ್ (ಕೋಡಿಂಗ್ ಸಾಫ್ಟ್‌ವೇರ್) ತೆಗೆದುಕೊಳ್ಳುತ್ತಿಲ್ಲ ಎಂದು ಐಟಿಯವರಿಗೆ ಟಿಕೆಟ್ ಹಾಕಿದ್ದೂ ಉಂಟು!

ಕಳೆದ ಬ್ಯಾಚಿನ ಹುಡುಗಿಯೊಬ್ಬಳು ಕೇಳಿದ ಪ್ರಶ್ನೆ ಪ್ರತಿ ಬ್ಯಾಚಿನಲ್ಲೂ ಬರುತ್ತದೆ.

“ಮೇಡಂ, ಬಿದ್ದು ಹತ್ತು ತಿಂಗಳಾಯ್ತು. ಎಕ್ಸ್‌ರೇಲಿ ಗೆರೆ ಹಾಗೇ ಕಾಣ್ತಿದೆ ಅಂತ ಬರ್ದಿದಾರೆ. ‘ಕೆ’ ಹಾಕ್ಬೋದಲ್ವಾ?”

“ನಾನ್‌ಯೂನಿಯನ್ ಅಂತ ಬರ್ದಿದಾರೇನಮ್ಮ?”

“ಇಲ್ಲ ಮೇಡಂ, ಆದ್ರೆ ಒಂಬತ್ತು ತಿಂಗಳು ದಾಟಿದೆಯಲ್ವಾ?”

ಒಂಬತ್ತು ತಿಂಗಳು ಕಳೆದು, ಕಡೆಯ ಮೂರು ತಿಂಗಳಲ್ಲಿ ಏನೂ ಪ್ರಗತಿ ಕಾಣದಿದ್ದರೆ ನಾನ್‌ಯೂನಿಯನ್ ಎನ್ನುವುದು ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ ಎಫ್‌ಡಿಎ ಕೊಟ್ಟ ವ್ಯಾಖ್ಯೆ. ಅದು ಡಾಕ್ಟರಿಗೆ, ಸಂಶೋಧಕರಿಗೆ. ನಮಗಲ್ಲ. ಎಷ್ಟೋ ಸರ್ಜನ್‌ಗಳು ಅಷ್ಟು ಕಾಯುವುದೂ ಇಲ್ಲ, ಆರು ತಿಂಗಳಿಗೇ ನಾನ್‌ಯೂನಿಯನ್ ಎಂದು ಬರೆದು ಆಪರೇಷನ್‌ಗೆ ಹಾಕುತ್ತಾರೆ. ಅವರು ಬರೆದರೆ ನಮಗೆ ‘ಕೆ’. ಹನ್ನೆರಡು ತಿಂಗಳಾದರೂ ಅವರು ಬರೆಯದಿದ್ದರೆ ‘ಕೆ’ ಇಲ್ಲ. ಫಿಸಿಯೋ ಓದಿದ ನನಗೂ ಫಿಲ್ಮ್ ವಿವರಣೆ ಓದಿದ ಕೂಡಲೇ ತೀರ್ಪು ಹೇಳಿಬಿಡುವ ಚಪಲ ಇದೆ, ಸುಳ್ಳು ಯಾಕೆ ಹೇಳಲಿ.

ಔಟ್‌ಪೇಷೆಂಟ್ ನೋಟ್‌ನಲ್ಲಿ ‘ಪ್ರಾಬಬಲ್ ನಾನ್‌ಯೂನಿಯನ್’ ಎಂದಿದ್ದರೆ ಅದನ್ನು ಕೋಡ್ ಮಾಡುವಂತಿಲ್ಲ. ಅದೇ ಮಾತು ಇನ್‌ಪೇಷೆಂಟ್ ಡಿಸ್ಚಾರ್ಜ್ ಹೊತ್ತಿನಲ್ಲಿ ಇದ್ದರೆ ಇದೆ ಎಂದೇ ಕೋಡ್ ಮಾಡಬಹುದು. ಮಾತು ಅಸ್ಪಷ್ಟವಾಗಿದ್ದರೆ ಡಾಕ್ಟರಿಗೆ ಕ್ವೆರಿ, ಅಂದರೆ ಲಿಖಿತ ಪ್ರಶ್ನೆ, ಕಳಿಸುತ್ತೇನೆ. ‘ಇದು ನಾನ್‌ಯೂನಿಯನ್ ಅಲ್ಲವೇ?’ ಎಂದು ಕೇಳಿದರೆ ಉತ್ತರವನ್ನು ಬಾಯಿಗೆ ತುರುಕಿದಂತೆ, ಆಡಿಟ್‌ನಲ್ಲಿ ನಿಲ್ಲುವುದಿಲ್ಲ. ಎಕ್ಸ್‌ರೇ ದಿನಾಂಕ ಮತ್ತು ಅದರಲ್ಲಿರುವ ಮಾತನ್ನು ಇದ್ದಂತೆ ಎತ್ತಿ ಬರೆದು, ಮಾಮೂಲಿ ಕೂಡುವಿಕೆ, ನಿಧಾನ, ನಾನ್‌ಯೂನಿಯನ್, ಬೇರೆ ಏನಾದರೂ, ಈಗ ಹೇಳಲಾಗದು ಎಂಬ ಆಯ್ಕೆಗಳನ್ನು ಕೊಡುತ್ತೇನೆ.

ಇನ್ನೊಂದು ಗೊಂದಲ ಆಪರೇಷನ್ ಬಗ್ಗೆ. ಆಪರೇಷನ್ ಎಂದರೆ ಆಕ್ಟಿವ್ ಟ್ರೀಟ್‌ಮೆಂಟ್, ಆದ್ದರಿಂದ ‘ಎ’ ಎನ್ನುವುದು ಹೊಸಬರ ತರ್ಕ. ಮೊದಲು ಚಿಕಿತ್ಸೆ ಪಡೆದು, ಕೂಡದೆ, ಈಗ ಬೋನ್ ಗ್ರಾಫ್ಟ್‌ಗೆ (ಮೂಳೆ ಕಸಿಗೆ) ಬಂದವರಿಗೆ ‘ಕೆ’ಯೇ. ಬಿದ್ದಾಗ ಯಾರಿಗೂ ತೋರಿಸದೆ ತಿಂಗಳುಗಟ್ಟಲೆ ಕುಂಟಿಕೊಂಡು ಓಡಾಡಿ, ಮೊದಲ ಸಲ ಈಗ ಬಂದವರಿಗೆ ಮಾತ್ರ ಮೂಳೆ ಕೂಡದಿದ್ದರೂ ‘ಎ’. ಗೈಡ್‌ಲೈನ್‌ನಲ್ಲಿ ಇದನ್ನು ಸ್ಪಷ್ಟವಾಗಿ ಬರೆದಿದ್ದಾರೆ, ಆದರೂ ಓದುವವರು ಕಡಿಮೆ. ಇನ್‌ಪೇಷೆಂಟ್ ಬಿಲ್ಲಿನಲ್ಲಿ ಈ ಒಂದು ಅಕ್ಷರದಿಂದ ಡಿಆರ್‌ಜಿ, ಅಂದರೆ ಆಸ್ಪತ್ರೆಗೆ ಎಷ್ಟು ಹಣ ಎಂದು ನಿರ್ಧರಿಸುವ ಗುಂಪೇ ಬದಲಾಗುತ್ತದೆ. ಆಪರೇಷನ್ ಇಲ್ಲದ ಅಡ್ಮಿಷನ್‌ನಲ್ಲಿ ‘ಎ’ ಇದ್ದರೆ ಡಿಆರ್‌ಜಿ 535-536, ‘ಕೆ’ ಇದ್ದರೆ 564ರಿಂದ 566.

ಹಾಕಿದ ಸ್ಕ್ರೂ ಮುರಿದಿದ್ದರೆ ಟಿ84.218ಎ ಕೂಡ ಬೇಕು. ಒಂದೇ ಚಾರ್ಟ್‌ನಲ್ಲಿ ಮೂಳೆಗೆ ‘ಕೆ’, ಸ್ಕ್ರೂಗೆ ‘ಎ’ ಬಂದರೆ ಗಾಬರಿಯಾಗಬೇಡಿ, ಸ್ಕ್ರೂ ಮುರಿದದ್ದಕ್ಕೆ ಚಿಕಿತ್ಸೆ ಈಗಷ್ಟೇ ಶುರು. ಹೇಗೆ ಬಿದ್ದರು ಎಂಬ ಬಾಹ್ಯ ಕಾರಣದ ಕೋಡ್‌ಗೆ ‘ಕೆ’ ಇಲ್ಲ, ಅಲ್ಲಿ ‘ಡಿ’, ಅಂದರೆ ನಂತರದ ಭೇಟಿ ಎಂದಷ್ಟೇ. ಸಿಗರೇಟ್ ಚಟ ಬರೆದಿದ್ದರೆ ಎಫ್17.210 ಬಿಡಬೇಡಿ, ಮೂಳೆ ಕೂಡದಿರಲು ಅದೂ ಒಂದು ಕಾರಣ.

ವಯಸ್ಸಾದವರ ಚಾರ್ಟ್‌ನಲ್ಲಿ ನಾನು ಮೊದಲೇ ಹುಡುಕುವುದು ಆಸ್ಟಿಯೋಪೊರೋಸಿಸ್, ಅಂದರೆ ಮೂಳೆ ಸವೆದು ದುರ್ಬಲವಾಗುವ ಕಾಯಿಲೆ. ಅದು ದಾಖಲಾಗಿದ್ದು, ಗಟ್ಟಿ ಮೂಳೆ ಮುರಿಯದಂಥ ಸಣ್ಣ ಬೀಳುವಿಕೆಗೆ ಮೂಳೆ ಮುರಿದಿದ್ದರೆ ಎಸ್32 ಬರುವುದೇ ಇಲ್ಲ, ಎಂ80ಕ್ಕೆ ಹೋಗಬೇಕು. ಪೆಲ್ವಿಸ್‌ಗೆ ಎಂದೇ 2023ರ ಅಕ್ಟೋಬರ್‌ನಲ್ಲಿ ಎಂ80.0ಬಿ ಬಂತು. ವಯಸ್ಸಿನಿಂದ ಬಂದ ಆಸ್ಟಿಯೋಪೊರೋಸಿಸ್, ಬಲಗಡೆ, ಕೂಡಿಲ್ಲ ಎಂದರೆ ಎಂ80.0ಬಿ1ಕೆ. ಇಲ್ಲಿ ‘ಪಿ’ಯೂ ಸಿಗುತ್ತದೆ.

ನಮ್ಮಲ್ಲಿನ ಆಸ್ಪತ್ರೆಗಳ ಎಂಆರ್‌ಡಿಯಿಂದ (ದಾಖಲೆ ವಿಭಾಗದಿಂದ) ಈ ಕೆಲಸಕ್ಕೆ ಬಂದವರಿಗೆ ಒಂದು ಮಾತು. ಅಲ್ಲಿ ನೀವು ಬಳಸಿದ್ದು ಡಬ್ಲ್ಯೂಎಚ್‌ಒ ಐಸಿಡಿ-10, ಅದರಲ್ಲಿ ನಾನ್‌ಯೂನಿಯನ್‌ಗೆ ಎಂ84.1 ಎಂಬ ಪ್ರತ್ಯೇಕ ಕೋಡ್ ಇದೆ. ಅಮೆರಿಕದ ಐಸಿಡಿ-10-ಸಿಎಂನಲ್ಲಿ ಅದನ್ನು ಹುಡುಕಬೇಡಿ, ಸಿಗುವುದಿಲ್ಲ. ಇಲ್ಲಿ ಮೂಲ ಮುರಿತದ ಕೋಡನ್ನೇ ಮತ್ತೆ ಬರೆದು ಕೊನೆಯ ಅಕ್ಷರ ಬದಲಿಸಬೇಕು. ಅದಕ್ಕೇ ಮೊದಲ ಅಡ್ಮಿಷನ್‌ನ ಸಿಟಿ ರಿಪೋರ್ಟ್ ಹುಡುಕಿ ತೆಗೆಯಿರಿ ಎಂದು ಎಲ್ಲರಿಗೂ ಹೇಳುತ್ತಿರುತ್ತೇನೆ.