ಒಮಿತ್ಸು ಗಂಡನನ್ನು ಏನೆಂದು ಕರೆಯಬೇಕು?

ಜಪಾನಿನ ಮೂಕಿ ಚಿತ್ರಗಳು ಟಾಕೀಸಿನಲ್ಲಿ ಮೂಕವಾಗಿ ಓಡುತ್ತಿರಲಿಲ್ಲ. ಪರದೆಯ ಪಕ್ಕ ‘ಬೆನ್‌ಶಿ’ ಅಂತ ಒಬ್ಬರು ಇರುತ್ತಿದ್ದರು. ಕಥೆ ಹೇಳುವುದೂ ಅವರೇ, ಗಂಡು ಹೆಣ್ಣು ಎಲ್ಲರ ಮಾತು ಆಡುವುದೂ ಅವರೇ. ಅದನ್ನು ಕನ್ನಡದಲ್ಲಿ ಮಾಡಬೇಕು ಅಂತ ನನಗೆ ಬಹಳ ದಿನದ ಆಸೆ. ಹೋದ ವರ್ಷ ಗೆಳತಿಯ ಮನೆಯಲ್ಲಿ, ಗೋಡೆಗೆ ಬಿಳಿ ಪಂಚೆ ಕಟ್ಟಿ, ಹದಿನೈದು ಜನರ ಮುಂದೆ ಮಾಡಿದೆ.

ಆರಿಸಿಕೊಂಡಿದ್ದು ಮಿಕಿಯೊ ನರುಸೆ 1933ರಲ್ಲಿ ಮಾಡಿದ ‘ಯೊಗೊಟೊ ನೊ ಯುಮೆ’. ಪ್ರತಿ ರಾತ್ರಿಯ ಕನಸು ಅಂತ ಅರ್ಥ. ಒಮಿತ್ಸು ಬಂದರಿನ ಬಾರ್‌ನಲ್ಲಿ ದುಡಿದು ಮಗನನ್ನು ಸಾಕುತ್ತಿರುತ್ತಾಳೆ. ಬಿಟ್ಟುಹೋಗಿದ್ದ ಗಂಡ ಬರಿಗೈಲಿ ವಾಪಸ್ ಬರುತ್ತಾನೆ. ಒಮಿತ್ಸು ಪಾತ್ರ ಮಾಡಿದವರು ಸುಮಿಕೊ ಕುರಿಶಿಮಾ. ಅಲ್ಲೂ ಮೊದಮೊದಲು ಹೆಣ್ಣಿನ ಪಾತ್ರ ಗಂಡಸರೇ ಮಾಡುತ್ತಿದ್ದರು, ನಮ್ಮ ಯಕ್ಷಗಾನದ ಹಾಗೆ. 1920ರ ದಶಕದಲ್ಲಿ ಅದನ್ನು ಬದಲಿಸಿದ ನಟಿಯರಲ್ಲಿ ಈಕೆ ದೊಡ್ಡ ಹೆಸರು.

ಮೊದಲ ಸಲ ಬರೆದಾಗ ಮಾತು ಜಾಸ್ತಿಯಾಯಿತು. ಒಮಿತ್ಸುಗೆ ಅಳುವ ದನಿ ಕೊಟ್ಟಿದ್ದೆ. ಅಮ್ಮನ ಮುಂದೆ ಓದಿದೆ. ಪರದೆ ನೋಡುತ್ತಾ ಅಮ್ಮ ಹೇಳಿದರು, “ಅವಳು ಅಳ್ತಾ ಇಲ್ಲ ಕಣೇ, ನೀನ್ಯಾಕೆ ಅಳ್ತೀಯ?” ಅರ್ಧಕ್ಕರ್ಧ ಹೊಡೆದುಹಾಕಿದೆ. ನರುಸೆಯ ಕ್ಯಾಮೆರಾ ಆಗಾಗ ಮುಖದ ಹತ್ತಿರಕ್ಕೆ ಸರಕ್ಕನೆ ನುಗ್ಗುತ್ತದೆ. ಅಂಥ ಕಡೆ ನಾನು ಬಾಯಿ ಮುಚ್ಚಿಕೊಂಡೆ.

ತಲೆ ಕೆಡಿಸಿದ್ದು ಒಂದೇ ಪ್ರಶ್ನೆ. ಅವಳು ಗಂಡನಿಗೆ ‘ನೀನು’ ಅನ್ನಬೇಕಾ, ‘ನೀವು’ ಅನ್ನಬೇಕಾ? ಮನೆ ನಡೆಸುವವಳು ಅವಳು. ಆದರೂ ಆ ಕಾಲದ ಹೆಂಡತಿ ಅಲ್ವಾ? ‘ರೀ’, ‘ನೀವು’ ಅಂತಲೇ ಇಟ್ಟೆ. ಕೊನೆಯಲ್ಲಿ ಮಗನಿಗೆ ಕಾರು ಬಡಿಯುತ್ತದೆ, ಗಂಡ ಕಳ್ಳತನ ಮಾಡುತ್ತಾನೆ, ಚೀಟಿ ಬರೆದಿಟ್ಟು ನೀರಿಗೆ ಬೀಳುತ್ತಾನೆ. ಚೀಟಿ ಓದಿದ ಅವಳಿಗೆ ಮೈಯೆಲ್ಲಾ ಸಿಟ್ಟು. ಅಲ್ಲಿ ಮೊದಲ ಬಾರಿ ಏಕವಚನ ಬಳಸಿದೆ: “ಓಡಿಹೋದೆಯಲ್ಲೋ, ಹೇಡಿ!” ಹಾಲ್‌ನಲ್ಲಿ ಯಾರೂ ಅಲುಗಾಡಲಿಲ್ಲ. ಆಮೇಲೆ ಅವಳು ಮಗನಿಗೆ ಗಟ್ಟಿಯಾಗಿ ಬೆಳೆಯಬೇಕು ಅನ್ನುತ್ತಾಳೆ. ಅದನ್ನು ತೀರಾ ಮೆಲ್ಲಗೆ ಹೇಳಿದೆ.

ಈಗ ಕೈಯಲ್ಲಿರುವುದು ಅದೇ ವರ್ಷದ ‘ತಾಕಿ ನೊ ಶಿರಾಇತೊ’, ನಿರ್ದೇಶಕ ಕೆಂಜಿ ಮಿಝೊಗುಚಿ. ನಾಯಕಿ ತಕಾಕೊ ಇರಿಯೆ. ನಿರ್ಮಾಣವೂ ಆಕೆಯದೇ ಕಂಪನಿಯದು. ನೀರಿನ ಜಾದೂ ಮಾಡುವ ಹೆಣ್ಣೊಬ್ಬಳು ದುಡ್ಡು ಕೊಟ್ಟು ಓದಿಸಿದ ಹುಡುಗನೇ ಮುಂದೆ ಕೋರ್ಟಿನಲ್ಲಿ ಅವಳ ಎದುರು ಬರುತ್ತಾನೆ. ಅಲ್ಲಿ ಅವಳು ಅವನಿಗೆ ಏನನ್ನಬೇಕು? ಎರಡು ವಾರದಿಂದ ‘ನೀನು’ ಬರೆದು ಹೊಡೆದುಹಾಕಿ, ಮತ್ತೆ ‘ನೀವು’ ಬರೆಯುತ್ತಿದ್ದೇನೆ.