ಮಿಕ್ಕವ್ವ ಹುಟ್ಟಿದ್ದು ಹುಣಸೆ ಬೀಜದಿಂದ

ನನ್ನ ಕಾದಂಬರಿಯ ಧರ್ಮದ್ರೋಹಿ ಮೊದಲು ಗಡ್ಡದ ಮುದುಕನಾಗಿದ್ದ. ತತ್ವಜ್ಞಾನಿ, ಗಣಿತಜ್ಞ, ಎಲ್ಲವೂ ಅವನೇ. ಬಂಡೆ ಮೇಲೆ ನಿಂತು ಸತ್ಯದ ಬಗ್ಗೆ ಭಾಷಣ ಬಿಗಿಯುತ್ತಿದ್ದ. ಮೂರು ಅಧ್ಯಾಯ ಬರೆದು ಗೆಳತಿಗೆ ಕೊಟ್ಟೆ. ಓದಿ ಅವಳು ಕೇಳಿದ್ದು ಒಂದೇ. "ಇವನು ಹೇಳೋದು ನಿಜ ಅಂತಲೇ ಇಟ್ಕೋ. ಅದರಿಂದ ಯಾರಿಗೆ ಏನು ನಷ್ಟ?"

ಉತ್ತರ ಇರಲಿಲ್ಲ. ಮುದುಕನನ್ನು ಬಂಡೆ ಮೇಲೇ ಬಿಟ್ಟು ಬಂದೆ.

ನಮ್ಮ ಕಡೆಯ ಗಣಿತದ ಜಗಳಗಳನ್ನು ಓದಿದೆ. 628ರಲ್ಲಿ ಬ್ರಹ್ಮಗುಪ್ತ ತನ್ನ ಗ್ರಂಥದಲ್ಲಿ ಆರ್ಯಭಟನನ್ನು ಹೆಸರು ಹಿಡಿದೇ ಟೀಕಿಸುತ್ತಾನೆ. ಸೊನ್ನೆಯನ್ನು ಸೊನ್ನೆಯಿಂದ ಭಾಗಿಸಿದರೆ ಸೊನ್ನೆ ಅನ್ನುತ್ತಾನೆ. ನೃಪತುಂಗನ ಕಾಲದ ಮಹಾವೀರಾಚಾರ್ಯ, ಸೊನ್ನೆಯಿಂದ ಭಾಗಿಸಿದ ಸಂಖ್ಯೆ ಹಾಗೇ ಉಳಿಯುತ್ತದೆ ಅನ್ನುತ್ತಾನೆ. ಇಬ್ಬರದ್ದೂ ಇವತ್ತಿನ ಲೆಕ್ಕಕ್ಕೆ ತಪ್ಪು. ಓದಲು ಬಹಳ ಮಜಾ, ಆದರೆ ನನಗೆ ಉಪಯೋಗವಾಗಲಿಲ್ಲ. ಇವೆಲ್ಲ ಪಂಡಿತರ ಜಗಳ. ದ್ರೋಹ ಅನ್ನಿಸಿಕೊಳ್ಳಬೇಕಾದರೆ ಮೊದಲು ಒಂದು ಆಣೆ (ಪ್ರಮಾಣ) ಇರಬೇಕು, ಆ ಆಣೆಯಿಂದ ಹೊಟ್ಟೆ ಹೊರೆಯುವವರು ಇರಬೇಕು.

ಆಣೆ ಸಿಕ್ಕಿದ್ದು ಪಕ್ಕದ ಸೈಟಿನಲ್ಲಿ. ಅಲ್ಲಿ ಮೇಸ್ತ್ರಿ ಪಾಯಕ್ಕೆ ದಾರ ಕಟ್ಟುತ್ತಿದ್ದರು. ಒಂದು ಕಡೆ ಮೂರಡಿ, ಇನ್ನೊಂದು ಕಡೆ ನಾಲ್ಕಡಿ ಗುರುತು ಹಾಕಿದರು. ಅಡ್ಡಕ್ಕೆ ಸರಿಯಾಗಿ ಐದಡಿ ಬಂತು ಅಂದರೆ ಮೂಲೆ ಮಟ್ಟ ಕೂತಿದೆ ಅಂತ ಅರ್ಥ. ಒಂದು ಊರಿನ ಜನ ಇದನ್ನು ನೋಡಿ ನೋಡಿ, ದೇವರು ಜಗತ್ತನ್ನು ಎಣಿಸಿಯೇ ಮಾಡಿದ್ದಾನೆ, ಎಲ್ಲ ಅಳತೆಯೂ ಪೂರ್ತಿ ಸಂಖ್ಯೆಯಲ್ಲೇ ಬರುತ್ತದೆ ಅಂತ ನಂಬಿದರೆ? ಅದನ್ನು ದಡ್ಡತನ ಅನ್ನಲು ಆಗುವುದಿಲ್ಲ, ಅಲ್ವಾ? ಹೀಗೆ ಅಳವೂರು ಹುಟ್ಟಿತು. ಅಲ್ಲಿನ ಭೂಮಿ ಅಳೆಯುವವರ ಆಣೆ: "ಮಿಕ್ಕಿದ್ದು ಏನೂ ಇಲ್ಲದಂತೆ ಅಳೆದಿದ್ದೇನೆ."

ಇನ್ನು ಆಣೆ ಮುರಿಯುವ ಲೆಕ್ಕ ಬೇಕಿತ್ತು. ಬದಿ ಪೂರ್ತಿ ಸಂಖ್ಯೆಯಾದರೆ ಚೌಕದ ಅಡ್ಡಗೆರೆಗೆ ಪೂರ್ತಿ ಸಂಖ್ಯೆಯಲ್ಲಿ ಅಳತೆ ಸಿಗುವುದಿಲ್ಲ ಅನ್ನುವುದು ಹಳೇ ಗ್ರೀಕರಿಗೆ ಗೊತ್ತಿತ್ತು. ಅದನ್ನು ಬಯಲು ಮಾಡಿದ ಹಿಪ್ಪಾಸಸ್ ಸಮುದ್ರದಲ್ಲಿ ಮುಳುಗಿ ಸತ್ತ ಅಂತ ಒಂದು ಕಥೆಯೂ ಇದೆ. ಕಥೆಯನ್ನು ಅಲ್ಲಿಗೇ ಬಿಟ್ಟು ಲೆಕ್ಕವನ್ನು ಮಾತ್ರ ತೆಗೆದುಕೊಂಡೆ.

ಓದುಗರಿಗೆ ವರ್ಗಮೂಲದ ಚಿಹ್ನೆ ತೋರಿಸಿದರೆ ಪುಟ ತಿರುಗಿಸಿಬಿಡುತ್ತಾರೆ. ಹಾಗಾಗಿ ಅಡುಗೆಮನೆಯಿಂದ ಹುಣಸೆ ಬೀಜ ತಂದು ನೆಲದ ಮೇಲೆ ಜೋಡಿಸಿದೆ. ಅಡ್ಡಗೆರೆಯನ್ನೇ ಬದಿ ಮಾಡಿಕೊಂಡು ಚೌಕ ಕಟ್ಟಿದರೆ ಅದು ಮೊದಲಿನ ಚೌಕದ ಎರಡರಷ್ಟು ಇರುತ್ತದೆ. ಹಾಗಾಗಿ ಎರಡು ಒಂದೇ ಅಳತೆಯ ಚೌಕ ಸೇರಿ ಒಂದು ಪೂರ್ತಿ ಚೌಕ ಆಗುತ್ತದಾ ಅಂತ ನೋಡಿದರೆ ಸಾಕು. ಐದೈದು ಸಾಲಿನ ಎರಡು ಚೌಕ, ಒಟ್ಟು 50 ಬೀಜ. ಎರಡನ್ನೂ ಕೂಡಿಸಿ ಒಂದೇ ಚೌಕ ಮಾಡಲು ಹೋದರೆ ಏಳೇಳು ಸಾಲಿಗೆ 49 ಹಿಡಿಯುತ್ತದೆ, ಒಂದು ಬೀಜ ಮಿಕ್ಕುತ್ತದೆ. ಹನ್ನೆರಡರ ಎರಡು ಚೌಕಕ್ಕೆ 288 ಬೀಜ. ಹದಿನೇಳರ ಚೌಕಕ್ಕೆ 289 ಬೇಕು, ಒಂದು ಕಡಿಮೆ. ಇಷ್ಟು ನೆಲದ ಮೇಲೆ, ಮುಂದಿನದು ಕಾಗದದ ಮೇಲೆ. 408ರ ಎರಡು ಚೌಕದಲ್ಲಿ 3,32,928 ಬೀಜ, 577ರ ಒಂದು ಚೌಕಕ್ಕೆ 3,32,929. ಅಲ್ಲೂ ಒಂದೇ ಕಡಿಮೆ! (ಈ 577, 408 ಯಜ್ಞವೇದಿಯ ಅಳತೆ ಹೇಳುವ ನಮ್ಮ ಶುಲ್ಬಸೂತ್ರಗಳಿಗೂ ಗೊತ್ತಿತ್ತು. ಚೌಕದ ಅಡ್ಡಗೆರೆಗೆ ಅವರು ಕೊಟ್ಟ ಅಳತೆಯನ್ನು ಕೂಡಿ ಕಳೆದರೆ ಇದೇ ಬರುತ್ತದೆ.)

ಆ ಒಂಟಿ ಬೀಜವನ್ನು ನೋಡುತ್ತಾ ಕೂತಾಗ ಗೆಳತಿಯ ಪ್ರಶ್ನೆಗೆ ಉತ್ತರ ಹೊಳೆಯಿತು. ಅಳೆಯುವವರಿಗೆ ಈ ಮಿಕ್ಕಿದ್ದು ಮೊದಲೇ ಗೊತ್ತು. ಅದಕ್ಕೊಂದು ಹೆಸರಿಟ್ಟು ಅದರಿಂದಲೇ ದುಡ್ಡು ಮಾಡುತ್ತಿದ್ದಾರೆ. ಉಳಿದರೆ ದೇವರ ಪಾಲು, ಕಡಿಮೆ ಬಿದ್ದರೆ ರೈತನ ಸಾಲ. ದೇವಸ್ಥಾನದ ಕಣಜ ತುಂಬುವುದು ಈ ಒಂದೊಂದು ಕಾಳಿನಿಂದಲೇ.

ಮುದುಕನ ಜಾಗಕ್ಕೆ ಹಾಲೆ ಬಂದಳು. ಕಣಜದಲ್ಲಿ ಕಾಳು ಎಣಿಸುವವಳು, ಭಕ್ತೆ. ಊರಿನವರು ಆಮೇಲೆ ಅವಳನ್ನು ಮಿಕ್ಕವ್ವ ಅಂತ ಆಡಿಕೊಂಡರು. ಅವಳಿಗೆ ದೇವರ ಮೇಲೆ ಅನುಮಾನವಿಲ್ಲ, ಸರಿಯಾದ ಸಂಖ್ಯೆ ಎಲ್ಲೋ ಇದ್ದೇ ಇದೆ ಅಂತ ಹನ್ನೊಂದು ವರ್ಷ ಹುಡುಕುತ್ತಾಳೆ. ಹುಡುಕಾಟ ಹಗುರ ಮಾಡಲು ಯಾವ ಸಂಖ್ಯೆ ಬಿಡಬಹುದು ಅಂತ ಯೋಚಿಸುತ್ತಾಳೆ. ದೊಡ್ಡ ಚೌಕ ಅಂದರೆ ಸಣ್ಣದರ ಎರಡರಷ್ಟು, ಹಾಗಾಗಿ ಅದರ ಬೀಜ ಸರಿಸಂಖ್ಯೆ. ಬೀಜ ಸರಿಯಾದರೆ ಸಾಲೂ ಸರಿ. ಸಾಲು ಸರಿಯಾದರೆ ಇಡೀ ಚೌಕ ನಾಲ್ಕರಿಂದ ಭಾಗವಾಗುತ್ತದೆ. ಆಗ ಸಣ್ಣ ಚೌಕದ ಸಾಲೂ ಸರಿಯೇ ಆಗಬೇಕು. ಅಂದರೆ ಎರಡನ್ನೂ ಅರ್ಧ ಮಾಡಬಹುದು. ಅರ್ಧ ಮಾಡಿದ ಮೇಲೂ ಅದೇ ಮಾತು. ಮತ್ತೆ ಅರ್ಧ, ಮತ್ತೆ ಅರ್ಧ. ಬೀಜವನ್ನು ಕೊನೆಯಿಲ್ಲದೆ ಅರ್ಧ ಮಾಡಲು ಆಗುತ್ತದೆಯೇ? ಎಲ್ಲ ಸಂಖ್ಯೆಯೂ ಬಿಟ್ಟುಹೋಯಿತು. ಆ ರಾತ್ರಿ ಅವಳಿಗೆ ಖುಷಿಯಾಗುವುದಿಲ್ಲ, ಜ್ವರ ಬರುತ್ತದೆ. ಈ ಪುಟವನ್ನು ನಾನು ಒಂಬತ್ತು ಸಲ ಬರೆದೆ.

ಒಂದು ಕಡೆ ನಾನೇ ಎಡವಿದ್ದೆ. "ಯಾವಾಗಲೂ ಒಂದೇ ಬೀಜ ಮಿಕ್ಕುತ್ತದೆ" ಅಂತ ಹಾಲೆಯ ಬಾಯಲ್ಲಿ ಹೇಳಿಸಿದ್ದೆ. ಏಳನೇ ಕ್ಲಾಸಿನ ಅಕ್ಕನ ಮಗಳು ಸುಮ್ನೆ ಆರಾರರ ಎರಡು ಚೌಕ ಜೋಡಿಸಿದಳು. 72 ಬೀಜ. ಎಂಟರ ಚೌಕ ಮಾಡಿದರೆ ಎಂಟು ಬೀಜ ಉಳಿಯಿತು. "ಒಂದು ಅಂದಿದ್ರಲ್ಲ?" ಅಂದಳು. ತಿದ್ದಿದೆ: "ಎಷ್ಟೇ ಹತ್ತಿರ ಹೋದರೂ ಒಂದಾದರೂ ಹೆಚ್ಚುಕಡಿಮೆ ಆಗೇ ಆಗುತ್ತದೆ." ಮೊದಲಿಗಿಂತ ಇದೇ ಚೆನ್ನಾಗಿ ಬಂತು ಅನ್ನಿ.

ಹಾಲೆಯ ವಿಚಾರಣೆ ಬರೆಯುವಾಗ, ಧರ್ಮದ್ರೋಹಿ ಅಂತ ಚರ್ಚು ಶಿಕ್ಷಿಸಿದ ಇಟಲಿಯ ತತ್ವಜ್ಞಾನಿ ಜೋರ್ಡಾನೊ ಬ್ರೂನೋನ ಪ್ರಕರಣ ನೆರವಾಯಿತು. 1592ರಲ್ಲಿ ವೆನಿಸ್‌ನಲ್ಲಿ ಹಿಡಿದರು, 1600ರ ಫೆಬ್ರವರಿ 17ರಂದು ರೋಮ್‌ನಲ್ಲಿ ಸುಟ್ಟರು. ನಡುವೆ ಏಳು ವರ್ಷಕ್ಕೂ ಜಾಸ್ತಿ ಸೆರೆಮನೆ ಮತ್ತು ಪ್ರಶ್ನೆಗಳು. ಅವನ ಮೇಲಿನ ಆರೋಪಗಳಲ್ಲಿ ಆಕಾಶದ ವಿಚಾರಕ್ಕಿಂತ ಧರ್ಮಶಾಸ್ತ್ರದ್ದೇ ಜಾಸ್ತಿ. ನಾನು ಒಂದೇ ದಿನದಲ್ಲಿ, ಗುಡುಗು ಮಿಂಚಿನ ನಡುವೆ, ವಿಚಾರಣೆ ಮುಗಿಸಿಬಿಟ್ಟಿದ್ದೆ! ಈಗ ಹಾಲೆಯ ವಿಚಾರಣೆ ಆರು ಮಳೆಗಾಲ ಎಳೆಯುತ್ತದೆ. ಬರೆದುಕೊಳ್ಳುವವರು ಬದಲಾಗುತ್ತಾರೆ, ಓಲೆಗಳಿಗೆ ಗೆದ್ದಲು ಹತ್ತುತ್ತದೆ. ಅವಳ ಲೆಕ್ಕ ತಪ್ಪು ಅಂತ ಒಬ್ಬರೂ ಹೇಳುವುದಿಲ್ಲ.

ಕೊನೆಯ ದಿನ ನ್ಯಾಯಾಧೀಶ 50 ಬೀಜ ತರಿಸಿ ತಾನೇ ಜೋಡಿಸುತ್ತಾನೆ. ಏಳು ಸಾಲು ತುಂಬುತ್ತದೆ. ಮಿಕ್ಕ ಒಂದನ್ನು ತೆಗೆದು ಬಾಯಿಗೆ ಹಾಕಿಕೊಂಡು ನುಂಗುತ್ತಾನೆ. "ಬರೆದುಕೋ," ಅನ್ನುತ್ತಾನೆ ಪಕ್ಕದವನಿಗೆ, "ಏನೂ ಮಿಕ್ಕಿಲ್ಲ."