ಇಡ್ಲಿ ಪಾತ್ರೆಯಲ್ಲಿ ಚಿಕನ್, ಮೇಲಿನ ತಟ್ಟೆಯಲ್ಲಿ ತರಕಾರಿ

ಹಬೆಯಲ್ಲಿ ಬೇಯಿಸಿದ ಕೋಳಿ ಅಂದರೆ ಸಾಕು, ನಮ್ಮ ಮೈಸೂರು, ಮಂಡ್ಯ ಕಡೆ ಬಹಳ ಜನ ಮುಖ ಕಿವುಚುತ್ತಾರೆ. ಅದು ಜ್ವರ ಬಂದವರ ಪಥ್ಯ, ನಮಗ್ಯಾಕೆ ಅನ್ನುತ್ತಾರೆ. ಅದೇ ಜನ ಬೆಳಿಗ್ಗೆ ಇಡ್ಲಿ ತಿನ್ನುತ್ತಾರೆ, ಗಣೇಶನ ಹಬ್ಬಕ್ಕೆ ಕಡುಬು ಮಾಡುತ್ತಾರೆ, ನುಚ್ಚಿನುಂಡೆ ಇದ್ದರೆ ಇನ್ನೆರಡು ಹಾಕಿ ಅನ್ನುತ್ತಾರೆ. ಇವೆಲ್ಲ ಬೇಯುವುದು ಹಬೆಯಲ್ಲೇ ಅಲ್ವಾ? ಹಿಂದೆ ಹಳ್ಳಿಗಳಲ್ಲಿ ಇಡ್ಲಿ ಪಾತ್ರೆಯೂ ಇರಲಿಲ್ಲ. ಮಡಕೆಯ ತಳಕ್ಕೆ ನೀರು ಹಾಕಿ, ಅದರ ಮೇಲೆ ಭತ್ತದ ಹುಲ್ಲು ಒತ್ತಾಗಿ ತುಂಬಿ, ಹುಲ್ಲಿನ ಮೇಲೆ ತೆಳು ಬಟ್ಟೆ ಹಾಸಿ ಕಡುಬು ಬೇಯಿಸುತ್ತಿದ್ದರು. ಆ ಕೈ ನಮ್ಮದು. ಹಬೆಯ ಅಡುಗೆ ಸಪ್ಪೆ ಆಗುವುದಕ್ಕೆ ಎರಡೇ ಕಾರಣ. ಒಂದು, ಉಪ್ಪು ಖಾರ ಮೊದಲೇ ಹಿಡಿಸದೆ ಬೆಂದ ಮೇಲೆ ಉದುರಿಸುವುದು. ಇನ್ನೊಂದು, ಎಲ್ಲವನ್ನೂ ಒಟ್ಟಿಗೆ ತುಂಬಿ ಹೊತ್ತು ನೋಡದೆ ಬೇಯಿಸುವುದು. ಇವೆರಡನ್ನು ಸರಿ ಮಾಡಿಕೊಂಡರೆ ಮನೆಯವರೆಲ್ಲ ಕೇಳಿ ಹಾಕಿಸಿಕೊಂಡು ತಿನ್ನುತ್ತಾರೆ.

ಮೊದಲು ಕೋಳಿ ಆರಿಸುವ ವಿಷಯ. ನಾಟಿ ಕೋಳಿ ಇದಕ್ಕೆ ಬೇಡ. ಅದರ ಮಾಂಸ ಗಟ್ಟಿ, ಸಾರಿಗೆ, ಮುದ್ದೆಗೆ ಅದೇ ಸರಿ. ಹಬೆಗೆ ಫಾರಂ ಕೋಳಿಯೇ ಆಗಬೇಕು. ನಾಲ್ಕು ಜನಕ್ಕೆ ಅರ್ಧ ಕೆಜಿ ಸಾಕು, ಚರ್ಮ ತೆಗೆಸಿ ತನ್ನಿ. ಅಂಗಡಿಯಲ್ಲಿ ಸುಮ್ಮನೆ ನಿಂತರೆ ಅವರು ಒಂದು ದಪ್ಪ, ಒಂದು ಚೂರು ಅಂತ ಕತ್ತರಿಸಿ ಕೊಡುತ್ತಾರೆ. "ಸಾರಿಗಲ್ಲಪ್ಪಾ, ಎಲ್ಲಾ ಒಂದೇ ಅಳತೆಗೆ ಹಾಕಿಕೊಡು" ಅಂತ ಬಾಯಿಬಿಟ್ಟು ಹೇಳಿ. ಒಂದೂವರೆ ಇಂಚಿನ ತುಂಡಾದರೆ ಚೆನ್ನ. ಅಳತೆ ಒಂದೇ ಇಲ್ಲದಿದ್ದರೆ ಚೂರು ನಾರಾಗುವ ಹೊತ್ತಿಗೂ ದಪ್ಪ ತುಂಡು ಒಳಗೆ ಹಸಿಯಾಗಿರುತ್ತದೆ.

ತೊಳೆಯುವಾಗ ನಲ್ಲಿ ಜೋರಾಗಿ ಬಿಟ್ಟು ಅದರಡಿ ಹಿಡಿಯಬೇಡಿ. ಹಸಿ ಕೋಳಿಯಲ್ಲಿ ಹೊಟ್ಟೆ ಕೆಡಿಸುವ ಕ್ರಿಮಿ ಇರುತ್ತವೆ. ನೀರು ಸಿಡಿದರೆ ಸಿಂಕ್, ಪಕ್ಕದ ಪಾತ್ರೆ, ಹೆಚ್ಚಿಟ್ಟ ತರಕಾರಿ ಎಲ್ಲಕ್ಕೂ ಹತ್ತುತ್ತದೆ. ತೊಳೆಯಲೇಬೇಕು ಅನ್ನುವವರು ಅಗಲ ಪಾತ್ರೆಯಲ್ಲಿ ನೀರು ತೆಗೆದುಕೊಂಡು ಮೆಲ್ಲಗೆ ಜಾಲಿಸಿ, ಆಮೇಲೆ ಸಿಂಕನ್ನು ಸೋಪು ಹಾಕಿ ಉಜ್ಜಿ. ಕ್ರಿಮಿ ಸಾಯುವುದು ಬೇಯಿಸಿದಾಗಲೇ, ತೊಳೆದರೆ ಹೋಗುವುದಿಲ್ಲ. ತರಕಾರಿ ಹೆಚ್ಚುವ ಮಣೆ ಬೇರೆ, ಕೋಳಿಯ ಮಣೆ ಬೇರೆ ಇಟ್ಟುಕೊಳ್ಳಿ. ಒಂದೇ ಮಣೆ ಇದ್ದರೆ ತರಕಾರಿ ಮೊದಲು ಹೆಚ್ಚಿ ಎತ್ತಿಟ್ಟುಬಿಡಿ.

ಈಗ ರುಚಿ ಹಿಡಿಸುವುದು. ನಾಲ್ಕು ಎಸಳು ಬೆಳ್ಳುಳ್ಳಿ, ಒಂದಿಂಚು ಶುಂಠಿ, ಒಂದು ಹಸಿಮೆಣಸಿನಕಾಯಿ, ಒಂದು ಹಿಡಿ ಕೊತ್ತಂಬರಿ ಸೊಪ್ಪು, ನಾಲ್ಕೈದು ಪುದೀನ ಎಲೆ. ಇಷ್ಟನ್ನೂ ಒರಳಿನಲ್ಲಿ ಜಜ್ಜಿದರೆ ಸಾಕು, ನುಣ್ಣಗೆ ಆಗಬೇಕಿಲ್ಲ. ಅರ್ಧ ಚಮಚ ಕುಟ್ಟಿದ ಕಾಳುಮೆಣಸು, ಚಿಟಿಕೆ ಅರಿಶಿನ, ಒಂದು ಚಮಚ ಉಪ್ಪು, ಎರಡು ಚಮಚ ಗಟ್ಟಿ ಮೊಸರು, ಒಂದು ಚಮಚ ಎಣ್ಣೆ ಸೇರಿಸಿ ಕೋಳಿಗೆ ಕೈಯಲ್ಲೇ ಚೆನ್ನಾಗಿ ತಿಕ್ಕಿ. ಅರ್ಧ ಗಂಟೆ ಇಡಿ. ಅದಕ್ಕಿಂತ ಜಾಸ್ತಿ ಹೊತ್ತು ಇಡುವುದಾದರೆ ಫ್ರಿಜ್ಜಿನಲ್ಲಿಡಿ. ಬೇಸಿಗೆಯಲ್ಲಿ ಮಂಡ್ಯದ ಸೆಕೆಗೆ ಹೊರಗೆ ಬಿಡುವ ಮಾತೇ ಬೇಡ. ನಿಂಬೆ ರಸವನ್ನು ಈಗ ಹಾಕಬೇಡಿ. ಹುಳಿ ಹೆಚ್ಚು ಹೊತ್ತು ನಿಂತರೆ ಮಾಂಸದ ಮೇಲ್ಮೈ ಬಿಳಿಚಿಕೊಂಡು ಪುಡಿಪುಡಿಯಾಗುತ್ತದೆ. ಬೆಂದ ಮೇಲೆ ಹಿಂಡಿದರೆ ಘಮವೂ ಉಳಿಯುತ್ತದೆ.

ಪಾತ್ರೆಯಲ್ಲಿ ಎರಡು ಬೆರಳಿನಷ್ಟು ನೀರು ಇರಲಿ. ಅಲ್ಯೂಮಿನಿಯಂ ಪಾತ್ರೆ ಆದರೆ ಹುಣಸೆಹಣ್ಣಿನ ಚೂರೋ, ಹಿಂಡಿದ ನಿಂಬೆ ಸಿಪ್ಪೆಯೋ ನೀರಿಗೆ ಹಾಕಿ, ಒಳಗೆಲ್ಲ ಕಪ್ಪಾಗುವುದಿಲ್ಲ. ಇನ್ನೊಂದು ಮಾಡಿ. ಚೆನ್ನಾಗಿ ತೊಳೆದ ಒಂದು ರೂಪಾಯಿ ನಾಣ್ಯ ತಳಕ್ಕೆ ಬಿಡಿ. ನೀರು ಕುದಿಯುವಷ್ಟು ಹೊತ್ತೂ ಅದು ಟಕಟಕ ಅನ್ನುತ್ತಿರುತ್ತದೆ. ಸದ್ದು ನಿಂತರೆ ನೀರು ಆರುತ್ತಾ ಬಂತು ಅಂತ ಅರ್ಥ. ಹಜಾರದಲ್ಲಿ ಟೀವಿ ನೋಡುತ್ತಾ ಕೂತಿದ್ದರೂ ಕಿವಿಗೆ ಗೊತ್ತಾಗುತ್ತದೆ. ನೀರು ಸೇರಿಸಬೇಕಾದರೆ ಬಿಸಿ ನೀರನ್ನೇ ಸೇರಿಸಿ.

ನೀರು ಮರಳಿ ಹಬೆ ಭರ್ತಿಯಾಗಿ ಎದ್ದ ಮೇಲೆಯೇ ಕೋಳಿ ಇಡಬೇಕು. ತಣ್ಣೀರಿನಿಂದ ಶುರು ಮಾಡಿದರೆ ಹೊತ್ತಿನ ಲೆಕ್ಕವೇ ತಪ್ಪುತ್ತದೆ. ಕೋಳಿಯನ್ನು ತೂತಿನ ತಟ್ಟೆಯ ಮೇಲೆ ಬರಿದೇ ಹರಡಬೇಡಿ, ರಸವೆಲ್ಲ ಕೆಳಗಿನ ನೀರಿಗೆ ಸೋರಿಹೋಗುತ್ತದೆ. ಅಂಚಿರುವ ಸ್ಟೀಲ್ ತಟ್ಟೆಯಲ್ಲಿ ಒಂದೇ ಪದರವಾಗಿ ಜೋಡಿಸಿ ಕೆಳಗೆ ಇಡಿ. ಬಾಳೆ ಎಲೆ ಸಿಕ್ಕರೆ ಒಲೆಯ ಮೇಲೆ ಒಮ್ಮೆ ಬಾಡಿಸಿ ತಟ್ಟೆಗೆ ಹಾಸಿ. ಆ ವಾಸನೆ ಕೋಳಿಗೆ ಹತ್ತಿಕೊಳ್ಳುವುದೇ ಒಂದು ಸೊಗಸು. ತರಕಾರಿ ಯಾವತ್ತೂ ಮೇಲಿನ ತಟ್ಟೆಗೆ. ಹಸಿ ಕೋಳಿಯ ನೀರು ತರಕಾರಿಯ ಮೇಲೆ ತೊಟ್ಟಿಕ್ಕಬಾರದು, ಅದಕ್ಕೆ. ಮುಚ್ಚಳದ ಒಳಗಿನ ನೀರು ಹನಿಯುತ್ತದಲ್ಲ, ಅದಕ್ಕೆ ಮುಚ್ಚಳಕ್ಕೊಂದು ತೆಳು ಬಟ್ಟೆ ಕಟ್ಟಿ ತುದಿಗಳನ್ನು ಮೇಲಕ್ಕೆ ಗಂಟು ಹಾಕಿ. ಕೆಳಗೆ ಇಳಿಬಿಟ್ಟರೆ ಬೆಂಕಿ ಹತ್ತೀತು.

ಕುಕ್ಕರಿನಲ್ಲಿ ಮಾಡುವವರು ವೇಯ್ಟ್ ಹಾಕಬೇಡಿ. ವೇಯ್ಟ್ ಹಾಕಿದರೆ ಒಳಗಿನ ಶಾಖ ಸುಮಾರು 120 ಡಿಗ್ರಿವರೆಗೆ ಏರುತ್ತದೆ, ಎದೆಯ ಮಾಂಸ ನಾರುನಾರಾಗುತ್ತದೆ. ತೆರೆದ ಹಬೆ ಅಷ್ಟು ಏರುವುದಿಲ್ಲ. ಮೈಸೂರು ಸಮುದ್ರ ಮಟ್ಟಕ್ಕಿಂತ ಸುಮಾರು 2500 ಅಡಿ ಎತ್ತರದಲ್ಲಿದೆ, ಇಲ್ಲಿ ನೀರು 97-98 ಡಿಗ್ರಿಗೇ ಕುದಿಯುತ್ತದೆ. ಹಾಗಾಗಿ ಸಮುದ್ರ ತೀರದ ಊರಿನವರು ಬರೆದ ಹೊತ್ತಿಗೆ ನಾವು ಒಂದೆರಡು ನಿಮಿಷ ಸೇರಿಸಿಕೊಳ್ಳಬೇಕು.

ಮೂಳೆ ಇಲ್ಲದ ಒಂದೂವರೆ ಇಂಚಿನ ತುಂಡಿಗೆ 15 ನಿಮಿಷ. ಮೂಳೆ ಇದ್ದರೆ 20ರಿಂದ 25. ಇಡೀ ಲೆಗ್ ಪೀಸ್ ಇಟ್ಟರೆ 35 ನಿಮಿಷ ಬೇಕು, ಅದಕ್ಕೆ ಎರಡು ಮೂರು ಕಡೆ ಚಾಕುವಿನಿಂದ ಸೀಳು ಕೊಟ್ಟಿರಿ. ಬೆಂದಿದೆಯೋ ಇಲ್ಲವೋ ನೋಡಲು ಎಲ್ಲಕ್ಕಿಂತ ದಪ್ಪನೆಯ ತುಂಡನ್ನು ನಡುವೆ ಬಿಡಿಸಿ. ಮಾಂಸ ಪೂರ್ತಿ ಬೆಳ್ಳಗಾಗಿ, ಒತ್ತಿದರೆ ಬರುವ ರಸ ತಿಳಿಯಾಗಿರಬೇಕು. ಅಡುಗೆ ಥರ್ಮಾಮೀಟರ್ ಇರುವವರು ಒಳಗೆ 74 ಡಿಗ್ರಿ ಬಂದಿದೆಯಾ ನೋಡಿ. ಫಾರಂ ಕೋಳಿ ಎಳೆಯದು, ಮೂಳೆಯೂ ಮೆತ್ತಗೆ, ಒಳಗಿನ ಮಜ್ಜೆಯ ಬಣ್ಣ ಹೊರಗೆ ಇಳಿಯುತ್ತದೆ. ಹಾಗಾಗಿ ಮೂಳೆಯ ಪಕ್ಕದಲ್ಲಿ ಚೂರು ಕೆಂಪು ಕಂಡರೆ ಗಾಬರಿ ಬೇಡ, ಮಾಂಸವನ್ನು ನೋಡಿ ತೀರ್ಮಾನ ಮಾಡಿ.

ತರಕಾರಿಯನ್ನು ಕೋಳಿಯ ಜೊತೆಗೇ ಇಡಬಾರದು, ಕೊನೆಗೆ ಇಡಬೇಕು. ಕ್ಯಾರೆಟ್, ನವಿಲುಕೋಸು, ಸೀಮೆಬದನೆ ಬೆರಳುದ್ದ ಹೆಚ್ಚಿದರೆ ಎಂಟು ನಿಮಿಷ. ಹುರುಳಿಕಾಯಿಗೆ ಆರೇಳು, ಹೂಕೋಸಿಗೆ ಐದಾರು. ಸಿಹಿಗುಂಬಳ ಬೇಗ ಕರಗುತ್ತದೆ, ದಪ್ಪಗೇ ಹೆಚ್ಚಿ. ಸೊಪ್ಪಿಗೆ ಎರಡು ಮೂರು ನಿಮಿಷವಾದರೆ ಹೆಚ್ಚು. ಆಲೂಗಡ್ಡೆ ಮಾತ್ರ ಕೋಳಿಯ ಜೊತೆಗೇ ಹೋಗಲಿ. ಬೀಟ್‌ರೂಟ್ ಇದಕ್ಕೆ ಬೇಡವೇ ಬೇಡ, ಎಲ್ಲಕ್ಕೂ ಬಣ್ಣ ಬಳಿಯುತ್ತದೆ. ಹುರುಳಿಕಾಯಿ ಏಳೆಂಟು ನಿಮಿಷ ದಾಟಿದರೆ ಹಸಿರು ಹೋಗಿ ಮಂಕಾಗುತ್ತದೆ, ಅಷ್ಟರಲ್ಲಿ ಇಳಿಸಿಬಿಡಿ. ನೀರಿನಲ್ಲಿ ಕುದಿಸಿ ಬಸಿದರೆ ಸಿ ಜೀವಸತ್ವ ಬಸಿದ ನೀರಿನ ಜೊತೆ ಹೋಗುತ್ತದೆ, ಹಬೆಯಲ್ಲಿ ಅದು ಬಹುಪಾಲು ತರಕಾರಿಯಲ್ಲೇ ಉಳಿಯುತ್ತದೆ. ಹಾಗಂತ ಎಣ್ಣೆ ಪೂರ್ತಿ ಬಿಡಬೇಡಿ. ಕ್ಯಾರೆಟ್, ಕುಂಬಳ, ಸೊಪ್ಪಿನಲ್ಲಿರುವ ಎ ಜೀವಸತ್ವದ ಅಂಶ ಮೈಗೆ ಹತ್ತಬೇಕಾದರೆ ಸ್ವಲ್ಪ ಜಿಡ್ಡು ಬೇಕು. ಇಳಿಸಿದ ಮೇಲೆ ಒಂದು ಚಮಚ ತುಪ್ಪವೋ ಕಡಲೆಕಾಯಿ ಎಣ್ಣೆಯೋ ಸವರಿ.

ಇನ್ನು ನಂಚಿಕೊಳ್ಳಲು ಉಪ್ಸಾರಿನ ಖಾರಕ್ಕಿಂತ ಬೇರೆ ಏನೂ ಬೇಕಿಲ್ಲ. ಬಾಟಲಿಯ ಸಾಸ್ ತಂದು ಸುರಿಯುವುದು ನನಗೆ ಒಂಚೂರೂ ಒಪ್ಪಿಗೆ ಇಲ್ಲ, ಸಕ್ಕರೆ ಉಪ್ಪು ಎರಡೂ ಅದರಲ್ಲಿ ಜಾಸ್ತಿ. ತರಕಾರಿ ತಟ್ಟೆಯ ಮೂಲೆಯಲ್ಲೇ ಐದಾರು ಹಸಿಮೆಣಸಿನಕಾಯಿ, ಆರು ಎಸಳು ಬೆಳ್ಳುಳ್ಳಿ ಇಟ್ಟುಬಿಡಿ. ಬೆಂದ ಮೇಲೆ ಅದಕ್ಕೆ ಜೀರಿಗೆ, ನಾಲ್ಕು ಕಾಳುಮೆಣಸು, ಚೂರು ಹುಣಸೆಹಣ್ಣು, ಉಪ್ಪು, ಕೊತ್ತಂಬರಿ ಸೊಪ್ಪು ಸೇರಿಸಿ ರುಬ್ಬಿ. ಕೋಳಿ ತಟ್ಟೆಯಲ್ಲಿ ರಸ ಇಳಿದಿರುತ್ತದಲ್ಲ, ಅದನ್ನು ಚೆಲ್ಲಿದರೆ ರುಚಿಯನ್ನೇ ಚೆಲ್ಲಿದಂತೆ. ಅದಕ್ಕೆ ಒಂದು ಲೋಟ ನೀರು, ಅರ್ಧ ಚಮಚ ಈ ಖಾರ ಹಾಕಿ ಒಂದು ಕುದಿ ಬರಿಸಿ. ತಿಳಿ ಸಾರು ರೆಡಿ. ಸಣ್ಣದೊಂದು ರಾಗಿ ಮುದ್ದೆ, ಆ ಸಾರು, ಪಕ್ಕಕ್ಕೆ ಕೋಳಿ, ತರಕಾರಿ. ಮುದ್ದೆ ಬೇಡ ಅನ್ನುವ ಮಕ್ಕಳಿಗೆ ಬಿಸಿ ಅನ್ನ.

ಮುಚ್ಚಳ ತೆಗೆಯುವಾಗ ಮಾತ್ರ ಜೋಪಾನ. ಮೊದಲು ಒಲೆ ಆರಿಸಿ, ಮುಚ್ಚಳವನ್ನು ನಿಮ್ಮಿಂದ ಆಚೆ ಕಡೆಗೆ ಬಾಗಿಸಿ ಎತ್ತಿ, ಹಬೆ ಅತ್ತ ಹೋಗಲಿ. ಕುದಿನೀರಿಗಿಂತ ಹಬೆ ಜಾಸ್ತಿ ಸುಡುತ್ತದೆ. ಮಕ್ಕಳು ಒಲೆಯ ಹತ್ತಿರ ನಿಂತಿದ್ದರೆ ಮೊದಲು ಅವರನ್ನು ಹೊರಗೆ ಕಳಿಸಿ.

ಸೋಮವಾರ, ಶನಿವಾರ, ಶ್ರಾವಣದಲ್ಲಿ ಮಾಂಸ ಮಾಡದ ಮನೆಗಳಲ್ಲಿ ತರಕಾರಿಯ ಜೊತೆ ನುಚ್ಚಿನುಂಡೆ ಇಡಿ, ಅದೇ ಊಟ. ಈರನಗೆರೆ ಬದನೆ ಸಿಕ್ಕಿದರೆ ನಾಲ್ಕಾಗಿ ಸೀಳಿ ಹತ್ತು ನಿಮಿಷ ಬೇಯಿಸಿ, ಕಿವುಚಿ ಗೊಜ್ಜು ಮಾಡಿ.

ಹಲ್ಲು ಸರಿ ಇಲ್ಲದ ಹಿರಿಯರು ಮನೆಯಲ್ಲಿದ್ದರೆ ತುಂಡು ಬೇಡ, ಕೈಮಾ ತನ್ನಿ. ಅರ್ಧ ಕೆಜಿ ಚಿಕನ್ ಕೈಮಾಗೆ ಮೂರು ಚಮಚ ಹುರಿಗಡಲೆ ಪುಡಿ, ಸಣ್ಣಗೆ ಹೆಚ್ಚಿದ ಸಬ್ಸಿಗೆ ಸೊಪ್ಪು, ಈರುಳ್ಳಿ, ಮೇಲೆ ಹೇಳಿದ ಅದೇ ಜಜ್ಜಿದ ಮಸಾಲೆ, ಉಪ್ಪು. ಮೊಸರು ಮಾತ್ರ ಬಿಡಿ, ಉಂಡೆ ನಿಲ್ಲುವುದಿಲ್ಲ. ಕೈಗೆ ನೀರು ಮುಟ್ಟಿಸಿಕೊಂಡು ನಿಂಬೆ ಗಾತ್ರದ ಉಂಡೆ ಕಟ್ಟಿ, ಇಡ್ಲಿ ಗುಳಿಗೊಂದರಂತೆ ಎಣ್ಣೆ ಸವರಿ ಇಟ್ಟರೆ 15 ನಿಮಿಷದಲ್ಲಿ ಬೇಯುತ್ತದೆ. ಎಣ್ಣೆಯಲ್ಲಿ ಕರಿದ ಕೈಮಾ ಉಂಡೆಗಿಂತ ಇದು ಮೆತ್ತಗೆ, ಹೊಟ್ಟೆಗೂ ಹಗುರ. ಶುಗರ್, ಬಿ.ಪಿ. ಇರುವವರಿಗೂ ಒಗ್ಗುತ್ತದೆ, ಉಪ್ಪನ್ನು ಕೈ ಹಿಡಿದು ಹಾಕಿ. ಕಿಡ್ನಿ ತೊಂದರೆ ಇರುವವರು ಎಷ್ಟು ಮಾಂಸ ತಿನ್ನಬೇಕು ಅಂತ ಡಾಕ್ಟರನ್ನು ಕೇಳಿಕೊಳ್ಳಿ.

ಉಳಿದರೆ ಎರಡು ಗಂಟೆಯೊಳಗೆ ಮುಚ್ಚಿ ಫ್ರಿಜ್ಜಿಗೆ ಸೇರಿಸಿ. ಮರುದಿನ ಮತ್ತೆ ಐದಾರು ನಿಮಿಷ ಹಬೆಯಲ್ಲೇ ಒಳಗೆಲ್ಲ ಸುಡುಸುಡು ಆಗುವವರೆಗೆ ಬಿಸಿ ಮಾಡಿ, ಬಾಣಲೆಗೆ ಹಾಕಿ ಒಣಗಿಸಬೇಡಿ. ಆಮೇಲೆ ಸಣ್ಣಗೆ ಬಿಡಿಸಿ ಹಸಿ ಈರುಳ್ಳಿ, ಸೌತೆಕಾಯಿ, ನಿಂಬೆ ರಸ ಬೆರೆಸಿದರೆ ಮಧ್ಯಾಹ್ನದ ಊಟಕ್ಕೆ ಚಪಾತಿಯೊಳಗೆ ಸುತ್ತಿಕೊಡಬಹುದು.